ಕಾನೂನು ಕಟ್ಟೆ, ಭಾಗ 6: ಸಾಕ್ಷಿ ತಿರುಗಿಬಿದ್ರೆ ಕೇಸೇ ಸುಳ್ಳಾ?

ಹೋದ ಭಾಗ ಓದಿ ನಮ್ಮ ಕ್ಲಾಸಿನವನೇ ಒಬ್ಬ ಮೆಸೇಜ್ ಮಾಡಿದ್ದ: "ಸಾಕ್ಷಿಗಳೇ ಉಲ್ಟಾ ಹೊಡೆದ್ರು ಅಂದ್ಮೇಲೆ ಆ ಜಾತಿ ನಿಂದನೆ ಕೇಸೇ ಸುಳ್ಳು ಅಲ್ವಾ?" ಅಲ್ಲ ಮಾರಾಯಾ. ಯಾಕೆ ಅಲ್ಲ ಅಂತ ಹೇಳೋಕೆ ಇವತ್ತಿನ ಕ್ಯಾಪ್ಷನ್ ಉದ್ದ ಆಗಿದೆ, ಪೂರ್ತಿ ಓದಿ.

ಫೋಟೋದಲ್ಲಿರೋದು ನಮ್ಮ ಮೂಟ್ ಕೋರ್ಟ್ ಹಾಲಿನ ಕಟಕಟೆ. ನಿಜವಾದ ಕೋರ್ಟಲ್ಲಿ ಫೋಟೋ ತೆಗೆಯೋ ಹಾಗಿಲ್ಲ. ಆದ್ರೆ ಇಂಟರ್ನ್‌ಶಿಪ್ ಟೈಮಲ್ಲಿ ಅಂಥದ್ದೇ ಕಟಕಟೆಯಲ್ಲಿ ನಿಂತಿದ್ದ ಒಬ್ಬ ಹೆಂಗಸನ್ನ ನಾನಿನ್ನೂ ಮರೆತಿಲ್ಲ. "ಅವನು ಏನಂತ ಬೈದ, ಆ ಪದ ಹೇಳಮ್ಮ" ಅಂತ ವಕೀಲರು ಕೇಳಿದ್ರು. ಆಕೆ ಸೆರಗಿನ ತುದಿ ಹಿಡ್ಕೊಂಡು "ಕೆಟ್ಟದಾಗಿ ಬೈದ್ರು ಸಾರ್" ಅಂದ್ರು. ಮತ್ತೆ ಕೇಳಿದ್ರು, ಮತ್ತೆ ಅದೇ ಉತ್ತರ. ತುಂಬಿದ ಹಾಲಲ್ಲಿ, ಬೈದವನ ಎದುರಲ್ಲೇ, ತನಗೆ ಬಿದ್ದ ಬೈಗುಳವನ್ನ ತನ್ನ ಬಾಯಿಂದಲೇ ಹೇಳಬೇಕಿತ್ತು. ಹೇಳೋಕಾಗಲಿಲ್ಲ. "ಕೆಟ್ಟದಾಗಿ ಬೈದರು" ಅಂತಲೇ ಟೈಪ್ ಆಯ್ತು. ಜಾತಿಯ ಹೆಸರು ದಾಖಲೆಗೆ ಬರಲೇ ಇಲ್ಲ.

ಕೊಲೆ ಕೇಸಲ್ಲಿ ಮಚ್ಚು ಇರತ್ತೆ, ರಕ್ತದ ಕಲೆ ಇರತ್ತೆ, ಪೋಸ್ಟ್‌ಮಾರ್ಟಂ ವರದಿ ಇರತ್ತೆ. ಬಾಯಿಮಾತಿನ ಜಾತಿ ನಿಂದನೆಗೆ ಹೆಚ್ಚಿನ ಸಲ ಇರೋದು ಕೇಳಿಸಿಕೊಂಡವರ ಕಿವಿ ಮಾತ್ರ. ಅದೂ ಯಾರ ಕಿವಿ? 1989ರ ದೌರ್ಜನ್ಯ ತಡೆ ಕಾಯ್ದೆಯ ಪ್ರಕಾರ ಬೈಗುಳ ಸಾರ್ವಜನಿಕರಿಗೆ ಕಾಣುವಂಥ ಜಾಗದಲ್ಲಿ ಆಗಿರಬೇಕು. ಮನೆಯ ನಾಲ್ಕು ಗೋಡೆ ಒಳಗೆ, ಹೊರಗಿನವರು ಯಾರೂ ಇಲ್ಲದಾಗ ಆಡಿದ ಮಾತು ಇದರಡಿ ಬರಲ್ಲ ಅಂತ 2020ರಲ್ಲಿ ಹಿತೇಶ್ ವರ್ಮಾ ಕೇಸಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಹಾಗಾಗಿ ಹೊರಗಿನವರ ಸಾಕ್ಷಿ ಬೇಕು. ಹಳ್ಳಿಯಲ್ಲಿ ಆ ಹೊರಗಿನವರು ಯಾರು ಹೇಳಿ? ಆರೋಪಿಯ ತೋಟಕ್ಕೇ ನಾಳೆ ಕೂಲಿಗೆ ಹೋಗಬೇಕಾದವರು. ಅವರ ಹತ್ರ ಸಾಲ ಇಟ್ಕೊಂಡವರು. ಅವರ ಬೋರ್‌ವೆಲ್ ನೀರು ಕುಡಿಯೋರು.

ಇನ್ನು ಪೊಲೀಸರ ಮುಂದೆ ಕೊಟ್ಟ ಹೇಳಿಕೆ. ಅದಕ್ಕೆ ಸಾಕ್ಷಿಯ ಸಹಿ ಹಾಕಿಸೋ ಹಾಗಿಲ್ಲ. ಬರೆಯೋರು ಪೊಲೀಸರು, ಭಾಷೆ ಅವರದ್ದು. ಎಷ್ಟೋ ಚಾರ್ಜ್‌ಶೀಟಲ್ಲಿ ಐದು ಜನ ಸಾಕ್ಷಿಗಳ ಹೇಳಿಕೆ ಅಕ್ಷರ ಅಕ್ಷರ ಒಂದೇ ಥರ ಇರತ್ತೆ. ಪಾಟೀ ಸವಾಲಲ್ಲಿ ಸ್ವಲ್ಪ ಬೇರೆ ಹೇಳಿದ್ರೆ "ವಿರೋಧಾಭಾಸ", ಅದನ್ನೇ ಹೇಳಿದ್ರೆ "ಹೇಳಿಕೊಟ್ಟ ಸಾಕ್ಷಿ". ಎತ್ತ ಹೋದ್ರೂ ಸಿಕ್ಕಿಬೀಳೋದು ಸಾಕ್ಷಿಯೇ, ಬರೆದ ಪೊಲೀಸಪ್ಪ ಅಲ್ಲ.

ಈಗ ಮೇಲ್ಮನವಿಗೆ ಬನ್ನಿ. ಹೈಕೋರ್ಟಲ್ಲಿ ಸಾಮಾನ್ಯವಾಗಿ ಯಾವ ಸಾಕ್ಷಿಯೂ ಮತ್ತೆ ಬಂದು ನಿಲ್ಲಲ್ಲ. ಜಡ್ಜ್ ಎದುರು ಇರೋದು ಕಾಗದ. ಸೆರಗು ಹಿಡ್ಕೊಂಡ ಕೈ ಆ ಕಾಗದದಲ್ಲಿ ಇರಲ್ಲ, "ಕೆಟ್ಟದಾಗಿ ಬೈದರು" ಅಷ್ಟೇ ಇರತ್ತೆ. ಕೆಳಗಿನ ಕೋರ್ಟ್ ಖುಲಾಸೆ ಮಾಡಿದ್ರಂತೂ ಇನ್ನೂ ಕಷ್ಟ. 2007ರ ಚಂದ್ರಪ್ಪ ಕೇಸ್ (ನಮ್ಮ ಕರ್ನಾಟಕದ್ದೇ) ಪ್ರಕಾರ, ಅದೇ ಸಾಕ್ಷ್ಯದಿಂದ ಎರಡು ಅಭಿಪ್ರಾಯಕ್ಕೆ ಜಾಗ ಇದ್ರೆ ಮೇಲಿನ ಕೋರ್ಟ್ ಖುಲಾಸೆಯನ್ನ ಕದಲಿಸಬಾರದು.

ಕಂಬಾಲಪಲ್ಲಿ ಹೆಸರು ಕೇಳಿದ್ದೀರಾ? ನಮ್ಮಲ್ಲಿ ಬಹಳ ಜನ ಆಗಿನ್ನೂ ಹುಟ್ಟಿರಲಿಲ್ಲ. 2000ದ ಮಾರ್ಚ್ 11, ಚಿಂತಾಮಣಿ ತಾಲ್ಲೂಕು. ಏಳು ಜನ ದಲಿತರನ್ನ ಮನೆಯೊಳಗೆ ಸುಟ್ಟು ಕೊಂದ್ರು. ವಿಚಾರಣೆಗೆ ಬರೋಷ್ಟರಲ್ಲಿ ಸಾಕ್ಷಿಗಳು ಒಬ್ಬರಾದ ಮೇಲೆ ಒಬ್ಬರು ತಿರುಗಿಬಿದ್ರು. 2006ರಲ್ಲಿ ಎಲ್ಲರ ಖುಲಾಸೆ. 2014ರಲ್ಲಿ ಹೈಕೋರ್ಟ್ ಅದನ್ನೇ ಎತ್ತಿಹಿಡೀತು. ನನ್ನ ಫ್ರೆಂಡ್‌ಗೆ ಕೇಳೋದು ಇಷ್ಟೇ: ಆ ಏಳು ಹೆಣ ಸುಳ್ಳಾ?

ಹಾಗಂತ ಸಾಕ್ಷಿ ಹೇಳಿದ್ದೆಲ್ಲ ವೇದವಾಕ್ಯ ಅಂತ ನಾನು ಹೇಳ್ತಿಲ್ಲ. ಸುಳ್ಳು ಸಾಕ್ಷಿಯೂ ಇರತ್ತೆ. ಜಮೀನು ಜಗಳಕ್ಕೆ ಜಾತಿಯ ಬಣ್ಣ ಬಳಿದ ಕೇಸುಗಳೂ ಇವೆ. ಹಿತೇಶ್ ವರ್ಮಾ ಕೇಸಿನ ಹಿಂದೆಯೂ ಇದ್ದದ್ದು ಜಮೀನು ವ್ಯಾಜ್ಯವೇ. ಸಂಶಯದ ಲಾಭ ಆರೋಪಿಗೆ ಹೋಗಬೇಕು, ಅದರಲ್ಲಿ ರಾಜಿ ಬೇಡ. ನಾಳೆ ಆ ಕಟಕಟೆಯಲ್ಲಿ ನಾನೇ ಆರೋಪಿಯಾಗಿ ನಿಂತ್ರೂ ಅದೇ ಕೇಳ್ತೀನಿ. ಆದ್ರೆ ಸಂಶಯ ಸಾಕ್ಷ್ಯದಿಂದಲೇ ಹುಟ್ಟಿದ್ದಾ, ಇಲ್ಲಾ ಸಾಕ್ಷಿಯನ್ನ ಆರು ವರ್ಷ ಒಂಟಿಯಾಗಿ ಬಿಟ್ಟಿದ್ದಕ್ಕೆ ಹುಟ್ಟಿದ್ದಾ? ಎರಡೂ ಒಂದೇ ಅಲ್ಲ. ತಿರುಗಿಬಿದ್ದ ಸಾಕ್ಷಿಯ ಮಾತನ್ನೂ ಪೂರ್ತಿ ಬಿಸಾಕಬೇಕಿಲ್ಲ, ಬೇರೆ ಸಾಕ್ಷ್ಯಕ್ಕೆ ತಾಳೆಯಾಗೋ ಭಾಗವನ್ನ ಉಳಿಸಿಕೊಳ್ಳಬಹುದು ಅಂತ ಸುಪ್ರೀಂ ಕೋರ್ಟ್ 1976ರಿಂದಲೇ ಹೇಳ್ತಾ ಬಂದಿದೆ.

ಕೇಳಿದ್ರೆ ನಗು ಬರತ್ತೆ, ಇದಕ್ಕೆ ಮದ್ದು ಕಾಯ್ದೆಯಲ್ಲೇ ಇದೆ. ಚಾರ್ಜ್‌ಶೀಟ್ ಆದ್ಮೇಲೆ ಸಾಧ್ಯವಾದಷ್ಟು ಎರಡು ತಿಂಗಳಲ್ಲಿ ವಿಚಾರಣೆ ಮುಗೀಬೇಕು. ಸೆಕ್ಷನ್ 15ಎ ಪ್ರಕಾರ ಸಾಕ್ಷಿಗೆ ರಕ್ಷಣೆ, ಪ್ರಯಾಣ ಖರ್ಚು, ಕಲಾಪದ ವಿಡಿಯೋ ರೆಕಾರ್ಡಿಂಗ್ ಎಲ್ಲ ಇದೆ. ಆ ವಿಡಿಯೋ ಹೈಕೋರ್ಟ್ ತನಕ ಹೋದ್ರೆ ಆ ಕೈ ಜಡ್ಜ್‌ಗೂ ಕಾಣತ್ತೆ. ಮತ್ತೆ, ಸಾಕ್ಷಿಯ ಹೇಳಿಕೆಯನ್ನ ಮೊದಲ ವಾರದಲ್ಲೇ ಮ್ಯಾಜಿಸ್ಟ್ರೇಟ್ ಮುಂದೆ ಬರೆಸಿಬಿಡಬೇಕು ಅನ್ನೋದು ನನ್ನ ವಾದ. ಬೆದರಿಕೆ ಬಂದ ಮೇಲೆ ಅಲ್ಲ, ಬರೋದಕ್ಕಿಂತ ಮುಂಚೆ.

ಗಂಗಾವತಿ ತಾಲ್ಲೂಕಿನ ಮರಕುಂಬಿಯಲ್ಲಿ ದಲಿತರ ಗುಡಿಸಲುಗಳಿಗೆ ಬೆಂಕಿ ಬಿದ್ದಿದ್ದು 2014ರ ಆಗಸ್ಟ್‌ನಲ್ಲಿ. 98 ಜನರಿಗೆ ಜೀವಾವಧಿ ಆಗಿದ್ದು 2024ರ ಅಕ್ಟೋಬರ್‌ನಲ್ಲಿ. ಮುಂದಿನ ತಿಂಗಳೇ ಧಾರವಾಡ ಪೀಠ ಹೆಚ್ಚುಕಡಿಮೆ ಎಲ್ಲರಿಗೂ ಜಾಮೀನು ಕೊಡ್ತು. ಸಾಕ್ಷಿ ಹೇಳಿದವರು, ಜಾಮೀನಲ್ಲಿ ಬಂದವರು, ಇಬ್ಬರದ್ದೂ ಊರು ಒಂದೇ.

ಭಾಗ 7ರಲ್ಲಿ 15ಎ ಅಡಿ ಅರ್ಜಿ ಹೇಗೆ ಬರೆಯೋದು ಅಂತ ತೋರಿಸ್ತೀನಿ. ಮೆಸೇಜ್ ಮಾಡಿದ್ದ ಫ್ರೆಂಡ್, ನೀನೂ ಓದು, ಆಮೇಲೆ ಕ್ಯಾಂಟೀನಲ್ಲಿ ಜಗಳ ಆಡೋಣ.