ಜನರ ಕಾಸು, ಜನರ ಚಿತ್ರ

ಚಿತ್ರಮಂದಿರದ ಟಿಕೇಟು ಕಿಟಕಿಯಲ್ಲಿ ನಾವು ಕೊಡುವ ಹಣ ಕೊನೆಗೆ ಯಾರನ್ನು ಸೇರುತ್ತದೆ? ಬಂಡವಾಳ ಹೂಡಿದವನನ್ನು. ಹಣ ಹೂಡಿದವನೇ ಕಥೆಯನ್ನೂ ಆಳುತ್ತಾನೆ. ಆದುದರಿಂದಲೇ ಗಿರಣಿ ಕಾರ್ಮಿಕನ ಬಾಳಾಗಲಿ, ಸಣ್ಣ ಅಂಗಡಿಕಾರನ ಸಾಲದ ಚಿಂತೆಯಾಗಲಿ ತೆರೆಯ ಮೇಲೆ ಬರುವುದು ಅಪರೂಪ. ಇದಕ್ಕೆ ಬೇರೆ ದಾರಿಯಿಲ್ಲವೆ? ಇದೆಯೆಂದು ತೋರಿಸಿಕೊಟ್ಟವರು ಕೇರಳದ ಜಾನ್ ಅಬ್ರಹಾಂ.

1937ರಲ್ಲಿ ಹುಟ್ಟಿದ ಇವರು ನಮ್ಮ ನಾಡಿಗೆ ತೀರ ಹೊರಗಿನವರಲ್ಲ. ಬಳ್ಳಾರಿಯ ಜೀವವಿಮಾ ಕಚೇರಿಯಲ್ಲಿ ನೌಕರಿ ಮಾಡಿದವರು. ತಿಂಗಳ ಸಂಬಳದ ಭದ್ರತೆಯನ್ನು ಬಿಟ್ಟು ಪುಣೆಯ ಚಲಚ್ಚಿತ್ರ ಶಾಲೆ ಸೇರಿದರು; ಅಲ್ಲಿ ಋತ್ವಿಕ್ ಘಟಕರ ಶಿಷ್ಯರಾದರು. 1977ರಲ್ಲಿ ತಮಿಳಿನಲ್ಲಿ ‘ಅಗ್ರಹಾರತ್ತಿಲ್ ಕಳುದೈ’ ತೆಗೆದರು. ತಬ್ಬಲಿ ಕತ್ತೆಮರಿಯನ್ನು ಸಾಕಿದ ಅಧ್ಯಾಪಕನೊಬ್ಬನ ಕಥೆಯ ಮೂಲಕ ಜಾತಿಯ ಬಿಗುಮಾನವನ್ನು ಬಯಲಿಗೆಳೆದರು. ರಾಷ್ಟ್ರಪ್ರಶಸ್ತಿಯೂ ಬಂದಿತು. ಆದರೆ ಪ್ರಶಸ್ತಿ ಬಂದ ಮಾತ್ರಕ್ಕೆ ಹಣವುಳ್ಳವರು ಇಂಥ ಚಿತ್ರಗಳಿಗೆ ಗಂಟು ಬಿಚ್ಚುವುದಿಲ್ಲ.

1984ರಲ್ಲಿ ಜಾನ್ ಮತ್ತು ಅವರ ಗೆಳೆಯರು ‘ಒಡೆಸ್ಸಾ’ ಎಂಬ ಕೂಟ ಕಟ್ಟಿದರು. ಊರೂರಿಗೆ ಹೋಗಿ ಚಾಪ್ಲಿನ್ನನ ‘ದಿ ಕಿಡ್’ ತೋರಿಸಿದರು. ನೋಡಿದ ಜನ ಕೈಲಾದಷ್ಟು ಕೊಟ್ಟರು. ಆ ಚಿಲ್ಲರೆ ಕಾಸಿನಿಂದಲೇ 1986ರಲ್ಲಿ ‘ಅಮ್ಮ ಅರಿಯಾನ್’ ಸಿದ್ಧವಾಯಿತು. ಸತ್ತ ಯುವಕನ ಸುದ್ದಿಯನ್ನು ಅವನ ತಾಯಿಗೆ ಮುಟ್ಟಿಸಲು ಒಬ್ಬನು ವಯನಾಡಿನಿಂದ ಕೊಚ್ಚಿಗೆ ಹೊರಡುತ್ತಾನೆ. ದಾರಿಯಲ್ಲಿ ಸತ್ತವನ ಗೆಳೆಯರು ಒಬ್ಬೊಬ್ಬರಾಗಿ ಜೊತೆಗೂಡುತ್ತಾರೆ. ನಡುನಡುವೆ, ನಿಜವಾಗಿ ನಡೆದ ಜನಹೋರಾಟಗಳ ದೃಶ್ಯಗಳು ಸಾಕ್ಷ್ಯಚಿತ್ರವಾಗಿ ಬಂದು ಕಥೆಯೊಳಗೆ ಬೆರೆಯುತ್ತವೆ. ಸಾಹುಕಾರನ ಹಣದಲ್ಲಿ ಇದು ಸಾಧ್ಯವಾಗುತ್ತಿತ್ತೆ?

ದಿನವಿಡೀ ದುಡಿದು ದಣಿದವನಿಗೆ ನಗುವೂ ಹಾಡೂ ಬೇಕು, ಇಂಥ ಗಂಭೀರ ಚಿತ್ರ ಯಾರಿಗೆ ಬೇಕು ಎಂದು ಕೆಲವರು ಕೇಳುತ್ತಾರೆ. ನಗು ಬೇಡವೆಂದು ನಾವೂ ಹೇಳುವುದಿಲ್ಲ. ಜಾನ್ ಹಣ ಕೂಡಿಸಿದ್ದೇ ಚಾಪ್ಲಿನ್ನನ ನಗುವಿನಿಂದ. ಆ ನಗುವಿನೊಳಗೆ ಬಡವನ ಹಸಿವೂ ಇತ್ತು. ನಮ್ಮನ್ನು ಮರೆಸುವ ನಗು ಬೇರೆ, ನಮ್ಮನ್ನು ನೆನೆಯುವ ನಗು ಬೇರೆ.

1987ರ ಮೇ 31ರಂದು ಕೋಳಿಕ್ಕೋಡಿನಲ್ಲಿ ಕಟ್ಟಡದ ಮೇಲಿಂದ ಬಿದ್ದು ಜಾನ್ ತೀರಿಕೊಂಡರು. ಐವತ್ತು ವರ್ಷವೂ ತುಂಬಿರಲಿಲ್ಲ. ಅವರು ತುಳಿದ ಹಾದಿ ಮಾತ್ರ ಉಳಿದಿದೆ. ಸಂಘದ ಕೋಣೆಯಲ್ಲಿ ಒಂದು ಸಂಜೆ ಒಳ್ಳೆಯ ಚಿತ್ರವೊಂದನ್ನು ತೋರಿಸಿ, ಬಾಗಿಲಲ್ಲಿ ಒಂದು ಡಬ್ಬಿ ಇಡುವುದು ನಮ್ಮಿಂದಾಗದ ಕೆಲಸವೇ? ನಮ್ಮ ಕಥೆಯನ್ನು ಇನ್ನೊಬ್ಬರು ಹೇಳಲಿಲ್ಲವೆಂದು ದೂರುವ ಮೊದಲು, ಅದಕ್ಕಾಗಿ ನಾವೆಷ್ಟು ಕಾಸು ಕೂಡಿಸಿದೆವೆಂದು ಕೇಳಿಕೊಳ್ಳೋಣ.