ಗೋಡೆಯಾಚೆಯ ಒಂದೂವರೆ ಅಡಿ

ವಿಕ್ರೋಳಿ ಪೂರ್ವದ ಕನ್ನಮವಾರ್ ನಗರದಲ್ಲಿ ಇನ್ನೂ ಉಳಿದಿರುವ ಹಳೆಯ ಕಟ್ಟಡಗಳಿಗೆ ಎರಡು ಮೈಗಳಿವೆ. ಒಂದು ಹೌಸಿಂಗ್ ಬೋರ್ಡ್ ಕಟ್ಟಿದ್ದು. ಇನ್ನೊಂದು ನಿವಾಸಿಗಳು ಕಿಟಕಿ ಕಿಟಕಿಗೂ ಕಟ್ಟಿಕೊಂಡ ಕಬ್ಬಿಣದ ಪೆಟ್ಟಿಗೆಗಳದ್ದು. ತುಳಸಿ ಕುಂಡ, ನೀರಿನ ಡ್ರಮ್ಮು, ಒಣಗುವ ಬಟ್ಟೆ, ಮಗುವಿನ ಮೂರುಗಾಲಿ ಸೈಕಲ್ಲು ಎಲ್ಲಕ್ಕೂ ಆ ಬಾಕ್ಸ್ ಗ್ರಿಲ್ಲೇ ಆಸರೆ. ಈಚೆಗೆ ಮನೆ ದುರಸ್ತಿಗೆ ಕೈಹಾಕುವವರು ಇನ್ನೊಂದು ಹೆಜ್ಜೆ ಮುಂದೆ ಹೋಗಿ ಬೇ ವಿಂಡೋ ಕೇಳುತ್ತಾರೆ: ಗೋಡೆಯಿಂದ ಒಂದೂವರೆ ಅಡಿ ಹೊರಕ್ಕೆ ಚಾಚಿದ ಕಿಟಕಿ, ಮೂರು ಕಡೆ ಗಾಜು, ಕೆಳಗೆ ಕೂರಲು ಗ್ರಾನೈಟ್ ಕಟ್ಟೆ. ಅಲ್ಯೂಮಿನಿಯಂ ಕೆಲಸದವರು ಒಂದೆರಡು ದಿನದಲ್ಲಿ ಕೂರಿಸಿಕೊಡುತ್ತಾರೆ.

ಆ ಕಟ್ಟೆಯ ಆಸೆಯಲ್ಲಿ ತಪ್ಪೇನೂ ಇಲ್ಲ. ಊರಿನ ಮನೆಯಲ್ಲಿ ಜಗಲಿ ಕಂಡವರಿಗೆ ಅದು ಚೆನ್ನಾಗಿ ಅರ್ಥವಾಗುತ್ತದೆ. ಜಗಲಿ ಅರ್ಧ ಮನೆ, ಅರ್ಧ ಬೀದಿ. ಅಲ್ಲಿ ಕೂತವನು ಒಳಗೂ ಇದ್ದಾನೆ, ಹೊರಗೂ ಇದ್ದಾನೆ. ಇನ್ನೂರು ಚದರ ಅಡಿಯ ಆಸುಪಾಸಿನ ಮನೆಯಲ್ಲಿ ಐದಾರು ಮಂದಿ ಬಾಳುವಾಗ ಅಂಥದೊಂದು ಮೂಲೆ ಬೇಕೆನಿಸುವುದು ಸಹಜ. ತಪ್ಪಿರುವುದು ಆ ಮೂಲೆಯನ್ನು ಗೋಡೆಯಾಚೆ ಹುಡುಕುವುದರಲ್ಲಿ. ಈ ತಪ್ಪು ಮನೆಯವರೊಬ್ಬರದೇ ಅಲ್ಲ, ಇದನ್ನು ನಗರವೇ ಕಲಿಸಿಕೊಟ್ಟಿದೆ.

ಕಿಟಕಿಯ ಹೆಸರುಗಳನ್ನು ನೋಡಿದರೆ ಅದರ ಕೆಲಸ ಏನೆಂದು ತಿಳಿಯುತ್ತದೆ. ಗವಾಕ್ಷ ಎಂದರೆ ಗೋವಿನ ಕಣ್ಣು. ಇಂಗ್ಲಿಷಿನ ವಿಂಡೋ ಹಳೆಯ ನಾರ್ಸ್ ಭಾಷೆಯಲ್ಲಿ ಗಾಳಿಯ ಕಣ್ಣು. ಬೆಳಕಿಂಡಿಯಲ್ಲಿ ಬೆಳಕೇ ಇದೆ. ಕೊಂಕಣಿಯ ಜನೆಲ್, ತಮಿಳಿನ ಜನ್ನಲ್ ಎರಡೂ ಪೋರ್ಚುಗೀಸರು ಬಿಟ್ಟುಹೋದ ಮಾತು, ಅದರ ಲ್ಯಾಟಿನ್ ಬೇರಿನಲ್ಲಿ ಚಿಕ್ಕ ಬಾಗಿಲು ಎಂಬ ಅರ್ಥವಿದೆ. ಕಣ್ಣು, ಗಾಳಿ, ಬೆಳಕು, ಬಾಗಿಲು ಎಲ್ಲವೂ ಇಲ್ಲಿವೆ. ಜಾಗ ಎಂಬ ಅರ್ಥ ಮಾತ್ರ ಯಾವುದರಲ್ಲೂ ಇಲ್ಲ. ಕಿಟಕಿಗೆ ಆ ಅರ್ಥ ಕೊಟ್ಟದ್ದು ಮುಂಬಯಿ.

ಅದು ಕೊಟ್ಟ ಬಗೆ ಹೀಗೆ. ಒಂದು ನಿವೇಶನದಲ್ಲಿ ಒಟ್ಟು ಎಷ್ಟು ನೆಲ ಕಟ್ಟಬಹುದು ಎಂಬ ಮಿತಿಯನ್ನು, ಎಂದರೆ ಎಫ್‌ಎಸ್‌ಐಯನ್ನು, ಮುಂಬಯಿ 1964ರಲ್ಲಿ ತಂದಿತು. 1991ರ ಅಭಿವೃದ್ಧಿ ನಿಯಂತ್ರಣ ನಿಯಮಗಳಲ್ಲಿ ದ್ವೀಪ ನಗರಕ್ಕೆ 1.33, ಉಪನಗರಗಳಿಗೆ 1 ಎಂದಾಯಿತು. ವಿಕ್ರೋಳಿಯಲ್ಲಿ ಸಾವಿರ ಚದರ ಮೀಟರ್ ನಿವೇಶನಕ್ಕೆ ಸಾವಿರ ಚದರ ಮೀಟರ್ ನೆಲ ಎಂಬುದು ಮೂಲ ಲೆಕ್ಕ. ಆದರೆ ಹೂಪಾತಿ, ಗೂಡು, ಅಲಂಕಾರದ ಚಾಚು ಮುಂತಾದವು ಈ ಲೆಕ್ಕದ ಹೊರಗಿದ್ದವು. ಲೆಕ್ಕಕ್ಕೆ ಬಾರದ ಜಾಗವೆಂದರೆ ಪುಕ್ಕಟೆ ಜಾಗ. ಬಿಲ್ಡರುಗಳು ಕಿಟಕಿಗಳ ಹೊರಗೆಲ್ಲ ಹೂಪಾತಿ ಬರೆದರು. ಗಿಡ ನೆಡುವವರು ಯಾರೂ ಇರಲಿಲ್ಲ. ಕೊಂಡವರು ನಡುವಿನ ಮೋಟುಗೋಡೆ ಒಡೆದು ಹೂಪಾತಿಯನ್ನು ಕೋಣೆಗೆ ಸೇರಿಸಿಕೊಂಡರು. ನಕಾಶೆಯ ಮೇಲಿನ ಹೂಪಾತಿ ಮನೆಯೊಳಗೆ ಹಾಸಿಗೆಯ ತಲೆದಸೆಯಾಯಿತು.

2012ರ ಜನವರಿಯಲ್ಲಿ, ಸುಬೋಧ್ ಕುಮಾರ್ ಪಾಲಿಕೆಯ ಆಯುಕ್ತರಾಗಿದ್ದಾಗ, ಈ ಕಿಂಡಿ ಮುಚ್ಚಿತು. ಬಾಲ್ಕನಿ, ಹೂಪಾತಿ, ಗೂಡುಗಳೆಲ್ಲ ಎಫ್‌ಎಸ್‌ಐ ಲೆಕ್ಕಕ್ಕೆ ಬಂದವು. ಬದಲಿಗೆ ವಸತಿ ಕಟ್ಟಡಗಳಿಗೆ ಶೇ. 35ರಷ್ಟು ಹೆಚ್ಚುವರಿ ಎಫ್‌ಎಸ್‌ಐ ಕೊಡಲಾಯಿತು. ಆದರೆ ಇಪ್ಪತ್ತು ವರ್ಷ ಕಣ್ಣಿಗೆ ಅಭ್ಯಾಸವಾದದ್ದು ಒಂದು ಆದೇಶದಿಂದ ಹೋಗುವುದಿಲ್ಲ. ಹೊರಗೆ ಚಾಚಿದ್ದೆಲ್ಲ ಲಾಭ ಎಂಬ ಪಾಠವನ್ನು ಬಿಲ್ಡರುಗಳಿಂದ ಫ್ಲ್ಯಾಟಿನವರು ಕಲಿತರು, ಫ್ಲ್ಯಾಟಿನವರನ್ನು ನೋಡಿ ಹಳೆಯ ಕಾಲೊನಿಯವರು ಕಲಿತರು. ಇದು ಮುಂಬಯಿಯ ವಿಶೇಷ ದುರ್ಗುಣವೂ ಅಲ್ಲ. ಇಂಗ್ಲೆಂಡಿನಲ್ಲಿ 1696ರಿಂದ 1851ರವರೆಗೆ ಕಿಟಕಿಗಳ ಎಣಿಕೆಯ ಮೇಲೆ ತೆರಿಗೆ ಇತ್ತು. ಜನ ಇಟ್ಟಿಗೆ ಇಟ್ಟು ಕಿಟಕಿ ಮುಚ್ಚಿ ಕತ್ತಲಲ್ಲಿ ಬಾಳಿದರು. ಅಲ್ಲಿ ನಿಯಮ ಕಿಟಕಿಯನ್ನು ಒಳಗೆ ತಳ್ಳಿತು, ಇಲ್ಲಿ ಹೊರಗೆ ಎಳೆಯಿತು.

ಈಗ ಆ ಒಂದೂವರೆ ಅಡಿಯನ್ನೇ ತೂಗಿ ನೋಡಬೇಕು. ಐದು ಅಡಿ ಅಗಲದ ಕಿಟಕಿಗೆ ಸಿಗುವುದು ಏಳೂವರೆ ಚದರ ಅಡಿ. ಚದರ ಅಡಿಗೆ 20,000 ರೂಪಾಯಿ ಎಂದಿಟ್ಟುಕೊಂಡರೂ ಒಂದೂವರೆ ಲಕ್ಷದ ಜಾಗ. ಆಸೆ ಹುಟ್ಟದೆ ಇದ್ದೀತೆ? ಆದರೆ ಅದು ಹೊರುವ ಭಾರವೂ ಇದೆ. 18 ಮಿಲಿಮೀಟರ್ ದಪ್ಪದ ಗ್ರಾನೈಟ್ ಹಾಸು ಸುಮಾರು 34 ಕಿಲೋ. ನಾಲ್ಕು ಅಡಿ ಎತ್ತರಕ್ಕೆ ಮೂರು ಕಡೆ 5 ಮಿಲಿಮೀಟರ್ ಗಾಜು ಹಾಕಿದರೆ ಇನ್ನೊಂದು 37 ಕಿಲೋ. ಮೇಲೆ ಚೌಕಟ್ಟು, ಮುಚ್ಚಿಗೆ. ಸಂಜೆ ಚಹಾ ಹಿಡಿದು ಇಬ್ಬರು ಕೂತರೆ ಒಟ್ಟು ಇನ್ನೂರು ಕಿಲೋ ಸುಲಭವಾಗಿ ದಾಟುತ್ತದೆ. ಇದು ಸಾಮಾನ್ಯವಾಗಿ ನಿಂತಿರುವುದು ಗೋಡೆಗೆ ಬೋಲ್ಟ್ ಹೊಡೆದ ಕಬ್ಬಿಣದ ಆ್ಯಂಗಲ್‌ಗಳ ಮೇಲೆ ಅಥವಾ ಕೆಳಮನೆಯ ಕಿಟಕಿಯ ಸಜ್ಜಾದ ಮೇಲೆ. ಮುಂಬಯಿಯಲ್ಲಿ ಛಜ್ಜಾ ಎನ್ನುವ ಈ ಸಜ್ಜಾ ಇರುವುದು ಮಳೆ, ಬಿಸಿಲು ತಡೆಯಲು. ಜನ ಹತ್ತದ ಮಾಡಿಗೆ ಭಾರತೀಯ ಮಾನಕ ಹಿಡಿಯುವ ಭಾರ ಚದರ ಮೀಟರಿಗೆ ಸುಮಾರು 75 ಕಿಲೋ. ಆ ಲೆಕ್ಕದಲ್ಲಿ ಕಿಟಕಿಯಷ್ಟೇ ಅಗಲದ ಸಜ್ಜಾದ ಪಾಲಿಗೆ ಬರುವುದು ಐವತ್ತು ಕಿಲೋ. ಅದರ ಮೇಲೆ ಇನ್ನೂರು ಕಿಲೋ ಕೂರಿಸುವುದು ಅಂದಾಜಿನ ಕೆಲಸವಾಗಬಾರದು.

ಚಾಚು ಉದ್ದವಾದಷ್ಟೂ ಅಪಾಯ ಅದೇ ಪ್ರಮಾಣದಲ್ಲಿ ಏರುವುದಿಲ್ಲ, ಅದಕ್ಕಿಂತ ವೇಗವಾಗಿ ಏರುತ್ತದೆ. ಸಮನಾಗಿ ಹರಡಿದ ಭಾರಕ್ಕೆ ಚಾಚು ದುಪ್ಪಟ್ಟಾದರೆ ಬುಡದಲ್ಲಿ ಬಾಗಿಸುವ ಒತ್ತಡ ನಾಲ್ಕು ಪಟ್ಟಾಗುತ್ತದೆ. ಸಮುದ್ರದ ಉಪ್ಪು ಗಾಳಿ, ನಾಲ್ಕು ತಿಂಗಳ ಮಳೆ ಸೇರಿ ಬೋಲ್ಟಿಗೂ ಸಿಮೆಂಟಿನೊಳಗಿನ ಸರಳಿಗೂ ತುಕ್ಕು ಹಿಡಿಸುತ್ತವೆ. ತುಕ್ಕು ಕಬ್ಬಿಣಕ್ಕಿಂತ ಹೆಚ್ಚು ಜಾಗ ಬೇಡುವುದರಿಂದ ಕಾಂಕ್ರೀಟು ಒಳಗಿನಿಂದಲೇ ಬಿರಿಯುತ್ತದೆ. ಕಿಟಕಿಯ ಮುಚ್ಚಿಗೆ ಹಳೆಯ ಗೋಡೆಗೆ ಸೇರುವ ಕಡೆ ಹಚ್ಚಿದ ಸಿಲಿಕೋನ್ ಕಾಲಕ್ರಮೇಣ ಬಿಡುತ್ತದೆ. ಆಮೇಲೆ ನೀರು ಇಳಿಯುವುದು ಕೆಳಮನೆಯವರ ಗೋಡೆಗೆ. ಕಟ್ಟೆಯ ಸುಖ ಒಬ್ಬರಿಗೆ, ಸೋರಿಕೆ ಇನ್ನೊಬ್ಬರಿಗೆ.

ಇಷ್ಟು ಮಾಡಿದ ಮೇಲೆ ಗಾಳಿಯಾದರೂ ಹೆಚ್ಚು ಬರುತ್ತದೆಯೇ? ಬಹಳ ಸಲ ಬರುವುದಿಲ್ಲ. ಹಳೆಯ ಕದದ ಕಿಟಕಿ ಪೂರ್ತಿ ತೆರೆಯುತ್ತಿತ್ತು. ಎರಡು ಹಳಿಯ ಸ್ಲೈಡಿಂಗ್ ಕಿಟಕಿ ಎಷ್ಟೇ ದೊಡ್ಡದಿದ್ದರೂ ತೆರೆಯುವುದು ಅರ್ಧ, ಬೇ ವಿಂಡೋದ ಎರಡು ಪಕ್ಕದ ಗಾಜು ತೆರೆಯುವುದೇ ಇಲ್ಲ. ರಾಷ್ಟ್ರೀಯ ಕಟ್ಟಡ ಸಂಹಿತೆ ಮುಂಬಯಿಯಂಥ ತೇವ, ಬಿಸಿ ಹವೆಯ ಊರಿಗೆ ನೆಲದ ಆರನೇ ಒಂದು ಭಾಗದಷ್ಟು ತೆರಪು ಬೇಕೆನ್ನುತ್ತದೆ. ಬೇ ವಿಂಡೋ ಬೆಳೆದದ್ದು ಬಿಸಿಲಿಗೆ ಹಂಬಲಿಸುವ ನಾಡುಗಳಲ್ಲಿ. ಇಲ್ಲಿ ಸಜ್ಜಾದ ನೆರಳು ದಾಟಿ ಹೊರಬಂದ ಪಶ್ಚಿಮದ ಗಾಜು ಏಪ್ರಿಲ್ ಮಧ್ಯಾಹ್ನದಲ್ಲಿ ಒಲೆಯಾಗುತ್ತದೆ, ಆಮೇಲೆ ಪರದೆ ಎಳೆದು ಎ.ಸಿ. ಹಾಕಬೇಕು. ನಮ್ಮ ನಾಡಿನಲ್ಲಿ ಹೊರಚಾಚಿದ ಕಿಟಕಿ ಇರಲಿಲ್ಲವೆಂದಲ್ಲ. 1799ರಲ್ಲಿ ಕಟ್ಟಿದ ಜೈಪುರದ ಹವಾಮಹಲಿನಲ್ಲಿ 953 ಕಿಟಕಿಗಳಿವೆ. ಆದರೆ ಅಲ್ಲಿ ಗಾಳಿ ನುಸುಳಲು ಕಲ್ಲಿನ ಜಾಲಂಧ್ರವಿದೆ, ತಲೆಯ ಮೇಲೆ ಅದರದೇ ನೆರಳಿದೆ. ವಿಕ್ರೋಳಿಯ ಗಾಜಿನ ಪೆಟ್ಟಿಗೆ ಚಾಚನ್ನು ಉಳಿಸಿಕೊಂಡು ನೆರಳನ್ನೂ ಗಾಳಿಯನ್ನೂ ಕೈಬಿಟ್ಟಿದೆ.

ಇನ್ನೊಂದು ಮಾತು ಬೆಂಕಿಯದು. ಬೆಂಕಿ ಬಿದ್ದಾಗ ಮೆಟ್ಟಿಲಲ್ಲಿ ಹೊಗೆ ತುಂಬಿದರೆ ಉಳಿಯುವ ದಾರಿ ಕಿಟಕಿಯೊಂದೇ. ಸುತ್ತ ಸರಳು ಬಿಗಿದ, ತೆರೆಯದ ಗಾಜು ಕೂರಿಸಿದ ಕಿಟಕಿ ಅಗ್ನಿಶಾಮಕದವರ ಏಣಿಗೂ ಅಡ್ಡ, ಒಳಗಿರುವವರಿಗೂ ಅಡ್ಡ.

ಕಾನೂನು ಇಲ್ಲವೇ ಎಂದರೆ ಇದೆ. ಅನುಮತಿಯಿಲ್ಲದ ಕಟ್ಟೋಣಕ್ಕೆ 1888ರ ಮುಂಬಯಿ ಮಹಾನಗರಪಾಲಿಕೆ ಕಾಯ್ದೆಯ 351ನೇ ಕಲಮಿನಡಿ ನೋಟಿಸು ಬರಬಹುದು, 1966ರ ನಗರ ಯೋಜನಾ ಕಾಯ್ದೆಯೂ ಇದೆ. ಆದರೆ ಸಾವಿರಾರು ಗ್ರಿಲ್ಲುಗಳ ನಡುವೆ ಒಬ್ಬರ ಕಿಟಕಿಗೆ ನೋಟಿಸು ಬಂದರೆ ಅದು ನ್ಯಾಯವಾಗಿ ಕಾಣುವುದಿಲ್ಲ, ಪಕ್ಕದ ಮನೆಯವರ ದೂರಾಗಿ ಕಾಣುತ್ತದೆ. ಸೊಸೈಟಿಯ ಕಾರ್ಯದರ್ಶಿಯೂ ಅದಕ್ಕೇ ಸುಮ್ಮನಿರುತ್ತಾರೆ, ಅವರ ಮನೆಗೂ ಗ್ರಿಲ್ ಇದ್ದೇ ಇರುತ್ತದೆ. ಇಡೀ ಕಟ್ಟಡದ ರೂಢಿಯನ್ನು ಒಂದೊಂದು ಮನೆಯ ಅಪರಾಧವಾಗಿ ನೋಡುವುದರಿಂದ ಏನೂ ಬದಲಾಗಿಲ್ಲ.

ಬದಲಾಯಿಸಬೇಕಾದದ್ದು ಎರಡು ಕಡೆ. ಹಳೆಯ ಕಟ್ಟಡದಲ್ಲಿ ಇರುವವರು ಕಟ್ಟೆಯನ್ನು ಒಳಗೆ ತರಲಿ. ಕಿಟಕಿಯ ಕೆಳಗೆ ಗೋಡೆಗೆ ಒತ್ತಿಕೊಂಡಂತೆ ಹದಿನೆಂಟು ಇಂಚಿನ ಮರದ ಪೆಟ್ಟಿಗೆ ಇಟ್ಟರೆ ಮೇಲೆ ಕೂರಬಹುದು, ಒಳಗೆ ಹಾಸಿಗೆ, ಹೊದಿಕೆ ತುಂಬಬಹುದು. ಏಳೂವರೆ ಚದರ ಅಡಿ ಕಳೆದುಕೊಂಡಂತೆ ಕಂಡರೂ ಕಪಾಟೊಂದರ ಜಾಗ ಉಳಿಯುತ್ತದೆ. ಕದ ಪೂರ್ತಿ ತೆರೆಯುವಂತಿರಲಿ. ಮಕ್ಕಳಿರುವ ಮನೆಗೆ ಸರಳು ಬೇಕೇ ಬೇಕು, ಅದು ಕಿಟಕಿಯ ಚೌಕಟ್ಟಿನಲ್ಲೇ ಇರಲಿ, ಒಂದು ಭಾಗ ಒಳಗಿನಿಂದ ತೆರೆಯುವಂತಿರಲಿ. ಗೋಡೆ ಒಡೆದು ಕಿಟಕಿ ಅಗಲ ಮಾಡುವ ಮೊದಲು ಸ್ಟ್ರಕ್ಚರಲ್ ಎಂಜಿನಿಯರ್ ಬಂದು ನೋಡಲಿ. ಮೇಲಿನ ಮಹಡಿಗಳ ಭಾರ ಹೊತ್ತ ಗೋಡೆ ಯಾವುದು ಎಂಬುದು ಅಲ್ಯೂಮಿನಿಯಂ ಕೆಲಸದವರು ಹೇಳಬೇಕಾದ ಮಾತಲ್ಲ.

ಎರಡನೆಯದು ಮುಖ್ಯವಾದದ್ದು. ಕನ್ನಮವಾರ್ ನಗರದಲ್ಲಿ ಹಳೆಯ ಕಟ್ಟಡಗಳು ಒಂದೊಂದಾಗಿ ಬಿದ್ದು, 33(5) ನಿಯಮದಡಿ ಗೋಪುರಗಳು ಏಳುತ್ತಿವೆ. ಈ ಪುನರಭಿವೃದ್ಧಿಯ ಸಭೆಗಳಲ್ಲಿ ಚರ್ಚೆಯೆಲ್ಲ ಕಾರ್ಪೆಟ್ ಏರಿಯಾ, ಬಾಡಿಗೆ, ಕಾರ್ಪಸ್ ನಿಧಿಗಳ ಸುತ್ತ. ಕಿಟಕಿ ಯಾವ ದಿಕ್ಕಿಗೆ, ಎಷ್ಟು ತೆರೆಯುತ್ತದೆ, ಅದರ ಮೇಲೆ ನೆರಳಿದೆಯೇ, ಎದುರಿನ ಗೋಪುರ ಎಷ್ಟು ದೂರ ಎಂಬ ಪ್ರಶ್ನೆ ಬಂದರೂ ಕೊನೆಗೆ ಬರುತ್ತದೆ. ಒಪ್ಪಂದಕ್ಕೆ ಸಹಿ ಬೀಳುವ ಮೊದಲು ನಕಾಶೆಯಲ್ಲಿ ಇದನ್ನು ಕೇಳುವ ಹಕ್ಕು ಸದಸ್ಯರಿಗಿದೆ. ಕೂರುವ ಕಟ್ಟೆ ಬೇಕಿದ್ದರೆ ಆಗಲೇ ಕೇಳಬೇಕು. ಆಗ ಅದು ಲೆಕ್ಕದೊಳಗೆ ಬರುತ್ತದೆ, ತೊಲೆಯ ಮೇಲೆ ನಿಲ್ಲುತ್ತದೆ, ಎಲ್ಲ ಮಹಡಿಗೂ ಒಂದೇ ಸಾಲಿನಲ್ಲಿ ಇರುತ್ತದೆ. ಹತ್ತು ಚದರ ಅಡಿ ಹೆಚ್ಚು ಕೊಡುವ ಬಿಲ್ಡರನಿಗಿಂತ ಎರಡು ಕಡೆ ಗಾಳಿ ಕೊಡುವ ನಕಾಶೆ ಮೇಲು ಎಂದು ಒಂದು ಸೊಸೈಟಿಯಾದರೂ ಗೊತ್ತುವಳಿ ಮಾಡಿದರೆ, ಆ ಕಟ್ಟಡದವರಿಗೆ ಮುಂದೆ ಗೋಡೆಗೆ ಬೋಲ್ಟ್ ಹೊಡೆಯುವ ಅಗತ್ಯ ಬರಲಾರದು.