ಹಾಡಿದ್ದು ಬಾಲಕ, ಲೆಕ್ಕ ಇಡುವವರು ಯಾರು?

ಛತ್ತೀಸ್‌ಗಢದ ದಕ್ಷಿಣ ತುದಿಯಲ್ಲಿರುವ ಸುಕ್ಮಾ ಜಿಲ್ಲೆಯ ಹೆಸರು ದೇಶದ ಪತ್ರಿಕೆಗಳಲ್ಲಿ ಕಾಣಿಸಿಕೊಳ್ಳುತ್ತಿದ್ದುದು ಬಹುತೇಕ ನಕ್ಸಲ್ ಹಿಂಸಾಚಾರದ ಸುದ್ದಿಯ ಜೊತೆಗೆ. 2010ರ ಏಪ್ರಿಲ್‌ನಲ್ಲಿ 76 ಮಂದಿ ಭದ್ರತಾ ಸಿಬ್ಬಂದಿಯನ್ನು ಬಲಿ ತೆಗೆದುಕೊಂಡ ದಾಳಿ ನಡೆದದ್ದು ಅಂದು ದಂತೇವಾಡ ಜಿಲ್ಲೆಯಲ್ಲಿದ್ದು, ಈಗ ಸುಕ್ಮಾಕ್ಕೆ ಸೇರಿರುವ ಕಾಡಿನಲ್ಲಿ. 2012ರಲ್ಲಿ ಜಿಲ್ಲಾಧಿಕಾರಿಯನ್ನೇ ನಕ್ಸಲರು ಅಪಹರಿಸಿದ್ದರು. 2017ರಲ್ಲಿ ಬುರ್ಕಾಪಾಲ್ ಬಳಿ 25 ಯೋಧರು ಹತರಾದರು. ಇಂಥ ಜಿಲ್ಲೆಯ ಹೆಸರು 2021ರ ಜುಲೈನಲ್ಲಿ ಸಂಪೂರ್ಣ ಬೇರೆಯೇ ಕಾರಣಕ್ಕೆ ದೇಶದ ಮನೆಮಾತಾಯಿತು. ಅದಕ್ಕೆ ಕಾರಣನಾದವನು ಉರ್ಮಾಪಾಲ್ ಎಂಬ ಹಳ್ಳಿಯ ಶಾಲಾ ಬಾಲಕ ಸಹದೇವ್ ದಿರ್ದೋ.

ಆತ ಹಾಡಿದ 'ಬಚ್ಪನ್ ಕಾ ಪ್ಯಾರ್' ಗೀತೆಯ ವಿಡಿಯೊ ತುಣುಕು ಕೆಲವೇ ವಾರಗಳಲ್ಲಿ ಮೊಬೈಲಿನಿಂದ ಮೊಬೈಲಿಗೆ ಹರಡಿತು. ಚಿತ್ರತಾರೆಯರು, ಕ್ರೀಡಾಪಟುಗಳು, ಸಾಮಾನ್ಯ ಜನರು ಆ ಧ್ವನಿಗೆ ತುಟಿಯಾಡಿಸಿ, ಹೆಜ್ಜೆ ಹಾಕಿ ತಮ್ಮದೇ ವಿಡಿಯೊಗಳನ್ನು ಮಾಡಿದರು. ಜುಲೈ ಅಂತ್ಯದಲ್ಲಿ ಅಂದಿನ ಮುಖ್ಯಮಂತ್ರಿ ಭೂಪೇಶ್ ಬಘೇಲ್ ಬಾಲಕನನ್ನು ಕರೆಸಿ ಸನ್ಮಾನಿಸಿದರು. ರ‍್ಯಾಪ್ ಗಾಯಕ ಬಾದ್‌ಷಾ ಅವನನ್ನು ಚಂಡೀಗಢಕ್ಕೆ ಕರೆಸಿಕೊಂಡರು. ಆಗಸ್ಟ್ 11ರಂದು ಆಸ್ಥಾ ಗಿಲ್ ಮತ್ತು ರಿಕೋ ಅವರೊಂದಿಗೆ ಸಹದೇವ್ ಕೂಡ ಹಾಡಿ, ಕಾಣಿಸಿಕೊಂಡ ಹೊಸ ಆವೃತ್ತಿ ಬಿಡುಗಡೆಯಾಯಿತು. ಅದನ್ನು ಕೋಟಿಗಟ್ಟಲೆ ಮಂದಿ ವೀಕ್ಷಿಸಿದರು.

ಪ್ರತಿಭೆಯನ್ನು ಗುರುತಿಸಲು ಈಗ ಯಾರ ಶಿಫಾರಸೂ ಬೇಕಿಲ್ಲ ಎಂಬುದಕ್ಕೆ ಈ ಪ್ರಕರಣವನ್ನು ಉದಾಹರಣೆಯಾಗಿ ನೀಡುವುದುಂಟು. ಅದರಲ್ಲಿ ಸತ್ಯಾಂಶವೂ ಇದೆ. ಆದರೆ ಖ್ಯಾತಿ ಬಂದ ವೇಗದಲ್ಲಿ ರಕ್ಷಣೆಯೂ ಬರುತ್ತದೆಯೇ ಎಂಬ ಪ್ರಶ್ನೆಗೆ ಉತ್ತರ ಹುಡುಕಹೊರಟರೆ ಚಿತ್ರ ಅಷ್ಟು ಉಜ್ವಲವಾಗಿ ಕಾಣುವುದಿಲ್ಲ. ಮಕ್ಕಳ ದುಡಿಮೆಗೆ ಸಂಬಂಧಿಸಿದ ನಮ್ಮ ಕಾನೂನು ಸ್ಟುಡಿಯೊದ ಬಾಗಿಲಲ್ಲಿ ಕಾವಲು ನಿಂತಿದೆ. ಇಂದಿನ ಬಾಲ ಗಾಯಕರು ಪ್ರಸಿದ್ಧರಾಗುತ್ತಿರುವುದು ಆ ಬಾಗಿಲನ್ನು ತಲುಪುವ ಮೊದಲೇ.

ಎರಡು ವರ್ಷ ಹಳೆಯ ತುಣುಕು

ಸಹದೇವ್‌ನ ಮೂಲ ವಿಡಿಯೊ 2021ರದ್ದಲ್ಲ. 2019ರಲ್ಲಿ ಶಾಲೆಯಲ್ಲಿ ಆತ ಹಾಡಿದಾಗ ಶಿಕ್ಷಕರೊಬ್ಬರು ಮೊಬೈಲಿನಲ್ಲಿ ಚಿತ್ರೀಕರಿಸಿಕೊಂಡಿದ್ದರು. ಹಾಡು ಕೂಡ ಅವನ ಸ್ವಂತದ್ದಲ್ಲ. ಗುಜರಾತಿನ ಗಾಯಕ ಕಮಲೇಶ್ ಬಾರೋಟ್ ಅದನ್ನು ಮೊದಲೇ ಹಾಡಿದ್ದರು. ಎರಡು ವರ್ಷ ಹೆಚ್ಚಿನವರ ಕಣ್ಣಿಗೆ ಬೀಳದಿದ್ದ ತುಣುಕು ದಿಢೀರನೆ ದೇಶವ್ಯಾಪಿಯಾದದ್ದು ಹೇಗೆ?

ಇದಕ್ಕೆ ಉತ್ತರ ತಂತ್ರಜ್ಞಾನದಲ್ಲಿ ಬಂದ ಬದಲಾವಣೆಯಲ್ಲಿದೆ. 2016ರ ಸೆಪ್ಟೆಂಬರ್‌ನಲ್ಲಿ ಜಿಯೋ ಸೇವೆ ಆರಂಭವಾದ ನಂತರ ಅಂತರ್ಜಾಲದ ದರ ಕುಸಿದು, ಮೊಬೈಲಿನಲ್ಲಿ ವಿಡಿಯೊ ನೋಡುವುದು ಹಳ್ಳಿಗಳಲ್ಲಿಯೂ ಸಾಮಾನ್ಯವಾಯಿತು. 2020ರ ಜೂನ್ 29ರಂದು ಕೇಂದ್ರ ಸರಕಾರ ಟಿಕ್‌ಟಾಕ್ ಸೇರಿದಂತೆ 59 ಚೀನೀ ಆ್ಯಪ್‌ಗಳನ್ನು ನಿಷೇಧಿಸಿತು. ಮರುವಾರವೇ ಇನ್‌ಸ್ಟಾಗ್ರಾಮ್ ತನ್ನ 'ರೀಲ್ಸ್' ಸೌಲಭ್ಯವನ್ನು ಭಾರತಕ್ಕೆ ತಂದಿತು. ಸೆಪ್ಟೆಂಬರ್‌ನಲ್ಲಿ ಯೂಟ್ಯೂಬ್ 'ಶಾರ್ಟ್ಸ್' ಆರಂಭಿಸಿತು. ಈ ವೇದಿಕೆಗಳಲ್ಲಿ ಒಬ್ಬರ ಧ್ವನಿಯನ್ನು ಎತ್ತಿಕೊಂಡು ಇನ್ನೊಬ್ಬರು ತಮ್ಮ ದೃಶ್ಯಕ್ಕೆ ಜೋಡಿಸಿಕೊಳ್ಳಬಹುದು. ಹೀಗೆ ಜೋಡಿಸಿದವರ ಸಂಖ್ಯೆ ಹೆಚ್ಚಿದಷ್ಟೂ ಗಣಕ ವ್ಯವಸ್ಥೆ ಆ ಧ್ವನಿಯನ್ನು ಮತ್ತಷ್ಟು ಜನರ ಮುಂದಿಡುತ್ತದೆ.

ಹಂಚಿಕೊಂಡವರೆಲ್ಲರೂ ಹಾಡುಗಾರಿಕೆಯನ್ನು ಮೆಚ್ಚಿಯೇ ಹಂಚಿಕೊಂಡರೆಂದು ಹೇಳಲಾಗದು. ಆದಿವಾಸಿ ಪ್ರದೇಶದ ಬಾಲಕನ ಉಚ್ಚಾರಣೆ, ನೆಟ್ಟ ನೋಟ, ಅಲುಗಾಡದೆ ನಿಂತ ಭಂಗಿಗಳನ್ನು ತಮಾಷೆಯ ವಸ್ತುವಾಗಿಸಿದವರೂ ಬಹಳ. ಮೆಚ್ಚುಗೆಗೂ ಗೇಲಿಗೂ ವ್ಯತ್ಯಾಸವನ್ನು ಗಣಕ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಎರಡೂ ಅದಕ್ಕೆ 'ವೀಕ್ಷಣೆ'ಗಳೇ. ಹತ್ತು ವರ್ಷದ ಆಸುಪಾಸಿನ ಮಗು ಈ ವ್ಯತ್ಯಾಸವನ್ನು ತಾನಾಗಿ ಅರಿತು ನಿಭಾಯಿಸಬೇಕೆಂದು ನಿರೀಕ್ಷಿಸುವುದು ನ್ಯಾಯವಲ್ಲ.

ಹಣ ಹೋಗುವ ದಾರಿ

ಅಂತರ್ಜಾಲದ ವಿಡಿಯೊದಿಂದ ಹಣ ಹುಟ್ಟುವ ಬಗೆಯನ್ನು ಗಮನಿಸಿದರೆ ಸಮಸ್ಯೆಯ ಮೂಲ ಸ್ಪಷ್ಟವಾಗುತ್ತದೆ. ಯೂಟ್ಯೂಬ್‌ನಲ್ಲಿ ಜಾಹೀರಾತಿನ ಪಾಲು ದೊರೆಯುವುದು ವಿಡಿಯೊದಲ್ಲಿ ಕಾಣಿಸಿಕೊಂಡವರಿಗಲ್ಲ, ಚಾನೆಲ್‌ನ ಒಡೆಯರಿಗೆ. ಆ ಪಾಲು ಪಡೆಯಲು ಚಾನೆಲ್‌ಗೆ ಕನಿಷ್ಠ 1,000 ಚಂದಾದಾರರು ಮತ್ತು ಒಂದು ವರ್ಷದಲ್ಲಿ 4,000 ಗಂಟೆಗಳ ವೀಕ್ಷಣೆ ಇರಬೇಕು. ಇಲ್ಲವೇ 90 ದಿನಗಳಲ್ಲಿ ಕಿರು ವಿಡಿಯೊಗಳಿಗೆ ಒಂದು ಕೋಟಿ ವೀಕ್ಷಣೆ ಬಂದಿರಬೇಕು. 18 ವರ್ಷ ತುಂಬದವರು ತಮ್ಮ ಹೆಸರಿನಲ್ಲಿ ಹಣ ಪಡೆಯುವಂತಿಲ್ಲ. ವಯಸ್ಕರೊಬ್ಬರ ಖಾತೆಯ ಮೂಲಕವೇ ಅದು ಬರಬೇಕು. ಆದ್ದರಿಂದ ಸ್ವಂತ ಚಾನೆಲ್ ಇಲ್ಲದ ಮಗುವಿನ ಧ್ವನಿ ಲಕ್ಷ ಮಂದಿಯ ವಿಡಿಯೊಗಳಲ್ಲಿ ಮೊಳಗಿದರೂ ಅದರಿಂದ ತಾನಾಗಿಯೇ ಒಂದು ರೂಪಾಯಿಯೂ ಆ ಮಗುವಿನ ಮನೆಗೆ ಬರುವ ವ್ಯವಸ್ಥೆಯಿಲ್ಲ.

ಕೃತಿಸ್ವಾಮ್ಯದ ಲೆಕ್ಕಾಚಾರವೂ ಸರಳವಲ್ಲ. ಇಂಥ ತುಣುಕಿನಲ್ಲಿ ಸಾಹಿತ್ಯ ಒಬ್ಬರದು, ಸಂಗೀತ ಇನ್ನೊಬ್ಬರದು, ಚಿತ್ರೀಕರಣ ಮತ್ತೊಬ್ಬರದು. ಮಗುವಿನದೆಂದು ಉಳಿಯುವುದು ಕಂಠ ಮಾತ್ರ. 1957ರ ಕೃತಿಸ್ವಾಮ್ಯ ಕಾಯ್ದೆಯ 38ನೇ ಕಲಂ ಹಾಡುವವರಿಗೆ 'ಪ್ರದರ್ಶಕರ ಹಕ್ಕು' ನೀಡಿದೆ. 2012ರ ತಿದ್ದುಪಡಿಯ ನಂತರ ವಾಣಿಜ್ಯ ಬಳಕೆಯಲ್ಲಿ ರಾಯಧನ ಕೇಳುವ ಅವಕಾಶವೂ ಇದೆ. ಈ ಹಕ್ಕಿಗೆ ವಯಸ್ಸಿನ ಮಿತಿಯಿಲ್ಲ. ಆದರೆ ಅದನ್ನು ಚಲಾಯಿಸಲು ಕರಾರು ಪತ್ರ ಬೇಕು, ಕಾನೂನು ಬಲ್ಲವರ ನೆರವು ಬೇಕು. ಅಪ್ರಾಪ್ತ ವಯಸ್ಕರು ಮಾಡಿಕೊಂಡ ಕರಾರು ಅಸಿಂಧು ಎಂಬುದು 1903ರ ಪ್ರಿವಿ ಕೌನ್ಸಿಲ್ ತೀರ್ಪಿನಿಂದಲೂ ನಡೆದುಬಂದ ನಿಯಮ. ಹೀಗಾಗಿ ಸಹಿ ಹಾಕಬೇಕಾದವರು ತಂದೆ ತಾಯಿ. ಕೃಷಿ ಕೂಲಿಯನ್ನೇ ನಂಬಿದ ಕುಟುಂಬದ ಮುಂದೆ ಮಹಾನಗರದ ಸಂಗೀತ ಸಂಸ್ಥೆಯೊಂದರ ಹತ್ತಾರು ಪುಟಗಳ ಇಂಗ್ಲಿಷ್ ಕರಾರು ಇಟ್ಟರೆ, ಅದನ್ನು ಓದಿ ಹೇಳುವವರು ಯಾರು ಎಂಬುದು ಯೋಚಿಸಬೇಕಾದ ಸಂಗತಿ.

ನಿಯಮ ಇದೆ, ಆದರೆ...

ಮಕ್ಕಳ ಕಲಾಚಟುವಟಿಕೆಗೆ ಭಾರತದಲ್ಲಿ ನಿಯಮವೇ ಇಲ್ಲವೆಂದಲ್ಲ. 2016ರಲ್ಲಿ ತಿದ್ದುಪಡಿಗೊಂಡ ಬಾಲಕಾರ್ಮಿಕ ಕಾಯ್ದೆ 14 ವರ್ಷದೊಳಗಿನವರ ದುಡಿಮೆಯನ್ನು ನಿಷೇಧಿಸಿ, ಎರಡು ವಿನಾಯಿತಿಗಳನ್ನು ಇರಿಸಿಕೊಂಡಿದೆ. ಶಾಲೆಯ ಅವಧಿಯ ನಂತರ ಕುಟುಂಬದ ಉದ್ಯಮದಲ್ಲಿ ನೆರವಾಗುವುದು ಒಂದು. ಚಲನಚಿತ್ರ, ಕಿರುತೆರೆ, ಜಾಹೀರಾತು ಮುಂತಾದ ದೃಶ್ಯ ಮಾಧ್ಯಮದಲ್ಲಿ ಕಲಾವಿದರಾಗಿ ಭಾಗವಹಿಸುವುದು ಇನ್ನೊಂದು.

ಎರಡನೆಯದಕ್ಕೆ 2017ರ ನಿಯಮಾವಳಿ ಕಟ್ಟುನಿಟ್ಟಿನ ಷರತ್ತುಗಳನ್ನು ವಿಧಿಸಿದೆ. ನಿರ್ಮಾಪಕರು ಕಾರ್ಯಕ್ರಮ ನಡೆಯುವ ಜಿಲ್ಲೆಯ ಜಿಲ್ಲಾ ದಂಡಾಧಿಕಾರಿಯಿಂದ ಮೊದಲೇ ಅನುಮತಿ ಪಡೆಯಬೇಕು. ದಿನಕ್ಕೆ ಐದು ಗಂಟೆಗಿಂತ ಹೆಚ್ಚು, ಬಿಡುವಿಲ್ಲದೆ ಮೂರು ಗಂಟೆಗಿಂತ ಹೆಚ್ಚು ಕೆಲಸ ಮಾಡಿಸುವಂತಿಲ್ಲ. ಸತತ 27 ದಿನಗಳನ್ನು ಮೀರುವಂತಿಲ್ಲ. ಓದು ನಿಲ್ಲದಂತೆ ನೋಡಿಕೊಳ್ಳಬೇಕು. ಮಗುವಿನ ಇಚ್ಛೆಗೆ ವಿರುದ್ಧವಾಗಿ ಏನನ್ನೂ ಮಾಡಿಸಬಾರದು. ಎಲ್ಲಕ್ಕಿಂತ ಮುಖ್ಯವಾಗಿ, ಆದಾಯದ ಕನಿಷ್ಠ ಶೇ. 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿಗೆ ನಿಶ್ಚಿತ ಠೇವಣಿಯಾಗಿ ಇಡಬೇಕು.

ಕನ್ನಡದ 'ಸರಿಗಮಪ ಲಿಟಲ್ ಚಾಂಪ್ಸ್' ಮಾದರಿಯ ಸ್ಪರ್ಧೆಗಳಿಗೆ ಈ ನಿಯಮ ನೇರವಾಗಿ ಅನ್ವಯಿಸುತ್ತದೆ. ಅಲ್ಲಿ ವಾಹಿನಿಯಿದೆ, ನಿರ್ಮಾಪಕರಿದ್ದಾರೆ, ಚಿತ್ರೀಕರಣದ ಸ್ಥಳವಿದೆ, ಪ್ರಶ್ನಿಸಬೇಕಾದರೆ ವಿಳಾಸವಿದೆ. ಶಾಲೆಯ ಕೊಠಡಿಯಲ್ಲಿ ತೆಗೆದ ಒಂದು ನಿಮಿಷದ ವಿಡಿಯೊಗೆ ನಿರ್ಮಾಪಕರು ಯಾರು? ಅದನ್ನು ಕೈದಾಟಿಸಿದ ಲಕ್ಷಾಂತರ ಮಂದಿಯೇ, ಪ್ರಸಾರಕ್ಕೆ ಜಾಗ ಕೊಟ್ಟ ಕಂಪನಿಯೇ? 2017ರ ನಿಯಮಾವಳಿಯಲ್ಲಿ ಇದಕ್ಕೆ ಉತ್ತರವಿಲ್ಲ. ಮಗುವನ್ನು ಸ್ಟುಡಿಯೊಗೆ ಕರೆಸಿಕೊಂಡ ದಿನದಿಂದಷ್ಟೇ ಅದು ಜಾಗೃತವಾಗುತ್ತದೆ. ಅಷ್ಟರಲ್ಲಿ ಖ್ಯಾತಿ ಹುಟ್ಟಿ, ಮೌಲ್ಯ ನಿಗದಿಯಾಗಿ ಆಗಿರುತ್ತದೆ.

ತಂದೆ ತಾಯಿಯೇ ಚಾನೆಲ್ ತೆರೆದು ಪ್ರತಿದಿನ ಮಗುವಿನಿಂದ ಹಾಡಿಸುತ್ತಿದ್ದರೆ ಪರಿಸ್ಥಿತಿ ಇನ್ನೂ ಜಟಿಲ. ಅದು ಕಲಾವಿದರ ದುಡಿಮೆಯೋ, ಕುಟುಂಬದ ಉದ್ಯಮಕ್ಕೆ ನೆರವೋ ಎಂಬ ಗೊಂದಲದಲ್ಲಿ ಶೇ. 20ರ ಠೇವಣಿಯ ಮಾತೇ ಮರೆಯಾಗುತ್ತದೆ. ರಾಷ್ಟ್ರೀಯ ಮಕ್ಕಳ ಹಕ್ಕುಗಳ ರಕ್ಷಣಾ ಆಯೋಗ 2022ರಲ್ಲಿ ಹೊರಡಿಸಿದ ಕರಡು ಮಾರ್ಗಸೂಚಿಯಲ್ಲಿ ಒಟಿಟಿ ಹಾಗೂ ಸಾಮಾಜಿಕ ಜಾಲತಾಣಗಳನ್ನೂ ಸೇರಿಸಿದ್ದು ಈ ಕೊರತೆಯನ್ನು ಮನಗಂಡೇ. ಆದರೆ ಮಾರ್ಗಸೂಚಿಗೂ ಕಾಯ್ದೆಗೂ ಇರುವ ಅಂತರ ಚಿಕ್ಕದಲ್ಲ.

ಬೇರೆ ದೇಶಗಳ ಪಾಠ

ವಿಡಿಯೊಗಳಿಂದಲೇ ಮೇಲೆ ಬಂದ ಬಾಲ ಗಾಯಕರಲ್ಲಿ ಅತ್ಯಂತ ಪ್ರಸಿದ್ಧರು ಕೆನಡಾದ ಜಸ್ಟಿನ್ ಬೀಬರ್. 2007ರಲ್ಲಿ ಸ್ಟ್ರಾಟ್‌ಫರ್ಡ್ ಪಟ್ಟಣದ ಸ್ಪರ್ಧೆಯೊಂದರಲ್ಲಿ 12 ವರ್ಷದ ಬೀಬರ್ ಹಾಡಿದ್ದನ್ನು ಬಂಧುಗಳಿಗೆ ತೋರಿಸಲೆಂದು ತಾಯಿ ಯೂಟ್ಯೂಬ್‌ಗೆ ಹಾಕಿದರು. ಬೇರಾರನ್ನೋ ಹುಡುಕುತ್ತಿದ್ದ ಸ್ಕೂಟರ್ ಬ್ರಾನ್ ಎಂಬ ವ್ಯವಸ್ಥಾಪಕರ ಕಣ್ಣಿಗೆ ಅದು ಬಿತ್ತು. 2008ರಲ್ಲಿ ಐಲ್ಯಾಂಡ್ ರೆಕಾರ್ಡ್ಸ್ ಜೊತೆ ಒಪ್ಪಂದವಾಯಿತು. 2010ರಲ್ಲಿ 'ಬೇಬಿ' ಗೀತೆ ಯೂಟ್ಯೂಬ್‌ನ ಅತಿ ಹೆಚ್ಚು ವೀಕ್ಷಣೆಯ ವಿಡಿಯೊ ಎನಿಸಿತು. ಅದೇ ವರ್ಷ ಬೀಬರ್ ಅವರ ಧ್ವನಿ ಒಡೆಯತೊಡಗಿದಾಗ ಜೊತೆಗೆ ಕಂಠ ತರಬೇತುದಾರರಿದ್ದರು.

ಇಷ್ಟೆಲ್ಲ ಬೆಂಬಲವಿದ್ದೂ ಬೀಬರ್ ಅವರ ಹಾದಿ ಸುಗಮವಾಗಲಿಲ್ಲ. 2014ರಲ್ಲಿ ಮಿಯಾಮಿಯಲ್ಲಿ ಬಂಧನಕ್ಕೊಳಗಾದರು. 2019ರಲ್ಲಿ ಸ್ವತಃ ಬರೆದುಕೊಂಡ ಟಿಪ್ಪಣಿಯಲ್ಲಿ, ಎಳೆವಯಸ್ಸಿನಲ್ಲಿ ಬಂದ ಖ್ಯಾತಿ ಬದುಕಿನ ಮೂಲಭೂತ ಹೊಣೆಗಾರಿಕೆಗಳನ್ನು ಕಲಿಯಲು ಬಿಡಲಿಲ್ಲವೆಂದೂ, ಮಾದಕ ವಸ್ತುಗಳ ಸಹವಾಸಕ್ಕೆ ಬಿದ್ದೆನೆಂದೂ ತಿಳಿಸಿದರು. ವಕೀಲರು, ವ್ಯವಸ್ಥಾಪಕರು, ತರಬೇತುದಾರರಿದ್ದ ಬಾಲಕನಿಗೇ ಹೀಗಾದರೆ ಅವರಾರೂ ಇಲ್ಲದ ಮಗುವಿನ ಪಾಡೇನು?

ಇತರ ದೇಶಗಳು ಈ ಪ್ರಶ್ನೆಯನ್ನು ಗಂಭೀರವಾಗಿ ಪರಿಗಣಿಸಿವೆ. ಚಾರ್ಲಿ ಚಾಪ್ಲಿನ್ ಅವರ 'ದಿ ಕಿಡ್' ಚಿತ್ರದ ಬಾಲನಟ ಜಾಕಿ ಕೂಗನ್ ದೊಡ್ಡವರಾದ ಮೇಲೆ, ತಾವು ದುಡಿದ ಹಣದ ಬಹುಪಾಲು ಖರ್ಚಾಗಿಹೋಗಿರುವುದನ್ನು ಕಂಡು 1938ರಲ್ಲಿ ತಾಯಿ ಮತ್ತು ಮಲತಂದೆಯ ವಿರುದ್ಧ ನ್ಯಾಯಾಲಯದ ಮೊರೆಹೊಕ್ಕರು. ಅದರ ಫಲವಾಗಿ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬಾಲನಟರ ಗಳಿಕೆ ರಕ್ಷಿಸುವ ಕಾಯ್ದೆ ಬಂತು. ಫ್ರಾನ್ಸ್ 2020ರಲ್ಲಿ ಅಂತರ್ಜಾಲ ವಿಡಿಯೊಗಳಲ್ಲಿ ಕಾಣಿಸಿಕೊಳ್ಳುವ 16 ವರ್ಷದೊಳಗಿನವರಿಗೂ ರಕ್ಷಣೆ ವಿಸ್ತರಿಸಿತು. ಗಳಿಕೆಯ ಪಾಲನ್ನು ಠೇವಣಿಯಿಡುವುದಲ್ಲದೆ, ತನ್ನ ವಿಡಿಯೊ ತೆಗೆದುಹಾಕಿಸುವ ಹಕ್ಕನ್ನೂ ಮಗುವಿಗೆ ನೀಡಿತು. ಅಮೆರಿಕದ ಇಲಿನಾಯ್ ರಾಜ್ಯದಲ್ಲಿ 2024ರ ಜುಲೈ 1ರಿಂದ, ಪೋಷಕರೇ ನಡೆಸುವ ಚಾನೆಲ್‌ಗಳಲ್ಲಿನ ಮಕ್ಕಳಿಗೂ ಗಳಿಕೆಯ ಪಾಲು ಮೀಸಲಿಡುವ ಕಾನೂನು ಜಾರಿಯಲ್ಲಿದೆ. ಕ್ಯಾಲಿಫೋರ್ನಿಯಾ ಕೂಡ ಅದೇ ವರ್ಷ ಇಂಥದೇ ಶಾಸನ ರೂಪಿಸಿತು.

ಸನ್ಮಾನದ ಜೊತೆಗೊಂದು ಪಾಸ್‌ಬುಕ್

2021ರ ಡಿಸೆಂಬರ್ 28ರಂದು ಸುಕ್ಮಾದಲ್ಲಿ ಬೈಕ್ ಅಪಘಾತಕ್ಕೀಡಾಗಿ ಸಹದೇವ್ ತಲೆಗೆ ತೀವ್ರ ಪೆಟ್ಟು ಮಾಡಿಕೊಂಡ. ಜಗದಲ್‌ಪುರದಲ್ಲಿ ಚಿಕಿತ್ಸೆ ನಡೆಯಿತು. ಮುಖ್ಯಮಂತ್ರಿ ಉತ್ತಮ ಚಿಕಿತ್ಸೆಗೆ ಸೂಚಿಸಿದರು, ಬಾದ್‌ಷಾ ನೆರವಿನ ಮಾತನಾಡಿದರು. ಬಾಲಕ ಚೇತರಿಸಿಕೊಂಡು ಮನೆಗೆ ಮರಳಿದ. ಅಂದು ಖ್ಯಾತಿಯೇ ಅವನ ನೆರವಿಗೆ ಬಂತೆಂಬುದು ನಿಜ. ಆದರೆ ಇಂಥ ನೆರವು ದೊಡ್ಡವರ ಔದಾರ್ಯದಿಂದ ಬಂದದ್ದೇ ಹೊರತು ಮಗುವಿನ ಹಕ್ಕಾಗಿ ಬಂದದ್ದಲ್ಲ. ಹೆಸರು ಜನರ ನಾಲಿಗೆಯ ಮೇಲಿರುವವರೆಗೆ ಔದಾರ್ಯ ಇರುತ್ತದೆ. ಹೊಸ ಹಾಡು ಬಂದಾಗ ಜನ ಅತ್ತ ತಿರುಗುತ್ತಾರೆ. ಮಗುವಿನ ಕಂಠವಂತೂ ಹರೆಯದಲ್ಲಿ ಬದಲಾಗಿಯೇ ಆಗುತ್ತದೆ.

ಹಾಗೆಂದು ಮಕ್ಕಳು ಹಾಡುವುದನ್ನೋ, ಶಿಕ್ಷಕರು ಅದನ್ನು ಚಿತ್ರೀಕರಿಸುವುದನ್ನೋ ತಡೆಯಬೇಕೆಂದಲ್ಲ. ಮಹಾನಗರದ ಸಂಗೀತಶಾಲೆಯ ಮೆಟ್ಟಿಲೇರಲಾಗದ ಮಕ್ಕಳಿಗೆ ಮೊಬೈಲ್ ಒಂದೇ ವೇದಿಕೆಯಾಗಿರುವಾಗ ಅದನ್ನೂ ಕಿತ್ತುಕೊಳ್ಳುವುದು ಅನ್ಯಾಯವಾದೀತು. ಬೇಕಿರುವುದು ಆ ವೇದಿಕೆಗೂ ಕಾನೂನಿನ ಕೈ ತಲುಪುವಂತೆ ಮಾಡುವುದು. ಹಣ ಹಂಚುವ ಕಂಪನಿಗಳನ್ನು, ಮಗುವಿನ ಧ್ವನಿಯಿಂದ ಲಾಭ ಪಡೆಯುವ ಚಾನೆಲ್‌ಗಳನ್ನು 2017ರ ನಿಯಮದ 'ನಿರ್ಮಾಪಕ'ರ ಸಾಲಿಗೆ ಸೇರಿಸಬೇಕು. ಠೇವಣಿಯ ಷರತ್ತು ಕುಟುಂಬದ ಚಾನೆಲ್‌ಗೂ ಅನ್ವಯವಾಗಬೇಕು. ಕಂಪನಿಗಳ ಬಳಿ ಪ್ರತಿ ವೀಕ್ಷಣೆಯ ಲೆಕ್ಕವಿದೆ. ಜಾಹೀರಾತುದಾರರಿಗೆ ಕೊಡಬಲ್ಲ ಆ ಲೆಕ್ಕವನ್ನು ಮಗುವಿಗೂ ಕೊಡುವುದು ಅವುಗಳಿಗೆ ಅಸಾಧ್ಯವೇನಲ್ಲ.

ಸಂಸತ್ತು ಅದನ್ನು ಮಾಡುವವರೆಗೂ ಕೈಕಟ್ಟಿ ಕೂರಬೇಕಿಲ್ಲ. ಸುಕ್ಮಾದಲ್ಲಿರಲಿ, ಕರ್ನಾಟಕದ ಯಾವುದೇ ಜಿಲ್ಲೆಯಲ್ಲಿರಲಿ, ಮಗುವೊಂದು ರಾತ್ರೋರಾತ್ರಿ ಪ್ರಸಿದ್ಧವಾದರೆ ಶಾಲು ಹೊದಿಸಲು ಅಧಿಕಾರಿಗಳು ಮೊದಲು ಧಾವಿಸುತ್ತಾರೆ. ಅದೇ ದಿನ ಮಗುವಿನ ಹೆಸರಿನಲ್ಲಿ ಬ್ಯಾಂಕ್ ಖಾತೆ ತೆರೆಸಲು, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಒಬ್ಬ ವಕೀಲರನ್ನು ಪೋಷಕರ ಜೊತೆಗೆ ಕೂರಿಸಲು, ಶಾಲೆಯ ಹಾಜರಿಯ ಮೇಲೆ ಕಣ್ಣಿಡುವಂತೆ ಮುಖ್ಯೋಪಾಧ್ಯಾಯರಿಗೆ ಸೂಚಿಸಲು ಯಾವ ತಿದ್ದುಪಡಿಯೂ ಬೇಕಾಗಿಲ್ಲ. ಮುಂದಿನ ಸಹದೇವ್ ಈಗಾಗಲೇ ಯಾವುದೋ ಶಾಲೆಯಲ್ಲಿ ಯಾರದೋ ಮೊಬೈಲಿನ ಮುಂದೆ ನಿಂತಿರಬಹುದು. ಆ ತುಣುಕು ಊರು ದಾಟುವ ಮೊದಲೇ ಈ ಸಿದ್ಧತೆ ಆಗಬೇಕಿದೆ.